ಮುಯ್ಯಿ ಅಣಬೆ

ಮಾಗಿಯ ಚಳಿ ಇನ್ನೂ ಪೂರಾ ಬಿಟ್ಟಿರಲಿಲ್ಲ. ಕೆರೆಯಲ್ಲಿ ನೆನೆಹಾಕಿದ್ದ ಕತ್ತಾಳೆ ಪಟ್ಟೆ ಕೊಳೆತು ಹದಕ್ಕೆ ಬಂದಿತ್ತು. ನಾನೂ ನನ್ನ ಗಂಡ ಗಾದ್ರಪ್ಪನೂ ಮೊಣಕಾಲುದ್ದದ ನೀರಿಗಿಳಿದು, ಕಟ್ಟುಕಟ್ಟಾಗಿ ಎಳೆದು, ಬಂಡೆಯ ಮೇಲೆ ಹರವಿ ಕೊಡತಿಯಿಂದ ಬಡಿಯುತ್ತಿದ್ದೆವು. ಪೆಟ್ಟು ಬಿದ್ದ ಕಡೆಯಲ್ಲೆಲ್ಲ ಹಸಿರು ಲೋಳೆ ಚಿಮ್ಮಿ ಒಳಗಿನ ಬಿಳಿ ನಾರು ಕಾಣಿಸಿಕೊಳ್ಳುತ್ತಿತ್ತು. ನಮ್ಮೂರಲ್ಲಿ ಹಗ್ಗ ಹೊಸೆಯುವ ಮನೆ ನಮ್ಮದೊಂದೇ. ಬಾವಿಗೆ ಇಳಿಬಿಡುವ ಹಗ್ಗವಾಗಲಿ, ಕೂಸಿನ ತೊಟ್ಟಿಲ ಹಗ್ಗವಾಗಲಿ, ನಮ್ಮ ಅಂಗೈ ದಾಟಿಯೇ ಹೋಗಬೇಕು. ಹಾಗಾಗಿ ಆ ಕಾಲದಲ್ಲಿ ನನ್ನ ಕೊರಡಿನ ಮೇಲೆ ಏಳುತ್ತಿದ್ದ ಅಣಬೆಗಳು ಕೆಂಪಗೆ, ಅಂಗೈಯಗಲ, ಮುಟ್ಟಿದರೆ ಚುರುಗುಟ್ಟುವಂಥವು.

ಕೊರಡು ಎಲ್ಲರ ಹಿತ್ತಲಲ್ಲೂ ಇತ್ತು. ಮನೆಯಲ್ಲಿ ಹುಟ್ಟಿದ ಗಂಡಿಗೊಂದು, ಮನೆಗೆ ಬಂದ ಸೊಸೆಗೊಂದು. ಹೊತ್ತು ಮುಳುಗುವ ಮುಂಚೆ ಅದರ ಮೇಲೆ ಒಂದಿಷ್ಟು ಕೂತೆದ್ದರೆ ದಿನದ ದಣಿವು ಅದಕ್ಕಿಳಿಯುತ್ತಿತ್ತು. ಬೆಳಗಾಗುವಷ್ಟರಲ್ಲಿ ಅಣಬೆ ಎದ್ದಿರುತ್ತಿತ್ತು. ಅದನ್ನು ಕಿತ್ತು ಬುಟ್ಟಿಗೆ ಹಾಕಿ ಮುಯ್ಯಿ ಮನೆಗೆ ಕೊಡುವುದು, ಅವರ ಬುಟ್ಟಿಯನ್ನು ನಾವು ಇಸಿದುಕೊಳ್ಳುವುದು. ತನ್ನದನ್ನು ತಾನೇ ತಿಂದರೆ ದಣಿವು ಬಂದ ದಾರಿಯಲ್ಲೇ ಮೈಗೆ ವಾಪಸ್ಸು. ಇನ್ನೊಬ್ಬರದನ್ನು ತಿಂದರೆ ನೋವಿಲ್ಲ, ಬರೀ ನಿದ್ದೆ. ಆ ನಿದ್ದೆಯೊಳಗೆ ಅವರ ಹಗಲು. ಮುಖ ಕಾಣುವುದಿಲ್ಲ, ಮಾತು ಕೇಳುವುದಿಲ್ಲ. ಅವರ ಮೈ ಮಾಡಿದ ಕೆಲಸವನ್ನು ನಮ್ಮ ಮೈ ಇನ್ನೊಂದು ಸಲ ಮಾಡುತ್ತದೆ, ಅಷ್ಟೆ. ಗಾದ್ರಪ್ಪನ ಮುಯ್ಯಿ ಕುಂಬಾರರ ಜೊತೆ ಇತ್ತು. ಅವನು ಮಲಗಿದಲ್ಲೇ ಎರಡು ಕೈಯನ್ನೂ ಎತ್ತಿ ಗಾಳಿಯಲ್ಲಿ ಮಡಕೆ ಕಂಠ ತೀಡುತ್ತಿದ್ದ. ಕಂಡದ್ದನ್ನು ಹೊರಗೆ ಆಡಬಾರದು ಎಂಬುದೊಂದು ಕಟ್ಟು. ಕಟ್ಟೆಯ ಹಿರಿಯರು ಕೇಳಿದರೆ ಮಾತ್ರ ಹೇಳಬೇಕು. ಹಾಗೆ ಹೇಳಿದ್ದನ್ನು ಯಾರೂ ಅಲ್ಲಗಳೆಯುತ್ತಿರಲಿಲ್ಲ. ಕೊಟ್ಟಿಗೆಯಲ್ಲಿ ದನ ಒರಗುವ ಕೊರಡಿನಲ್ಲೂ ಅಣಬೆ ಏಳುತ್ತಿತ್ತು. ಅದನ್ನು ಪೊರಕೆಯಲ್ಲಿ ಗುಡಿಸಿ ತಿಪ್ಪೆಗೆ ಹಾಕುತ್ತಿದ್ದರು. ಮನುಷ್ಯರಿಗೆ ಅದನ್ನು ತಿನ್ನಿಸುವುದು ಮೈಲಿಗೆ, ಅದಕ್ಕಿಂತ ದೊಡ್ಡ ಮೋಸ ನಮ್ಮೂರಲ್ಲಿ ಇರಲಿಲ್ಲ.

ನನ್ನ ಮುಯ್ಯಿ ಪಕ್ಕದ ಮನೆಯ ಭದ್ರಕ್ಕನ ಜೊತೆ. ನನಗಿಂತ ಐದಾರು ವರ್ಷಕ್ಕೆ ದೊಡ್ಡವಳು, ಮಾತು ಕಡಿಮೆ. ಅವಳ ಗಂಡ ಪಾಲಯ್ಯ ಬಾವಿ ತೋಡುವವನು. ಆಳದಲ್ಲಿ ನಿಂತು ‘ಹಗ್ಗ ಎಳೀರೋ’ ಎಂದು ಕೂಗಿದರೆ ಮೂರು ಬೀದಿಗೆ ಕೇಳುತ್ತಿತ್ತು. ಅಂಥವನಿಗೆ ಮೂರು ವರ್ಷದ ಹಿಂದೆ ಲಕ್ವ ಹೊಡೆದು ಬಲಗಡೆ ಪೂರ್ತಿ ಬಿದ್ದುಹೋಯಿತು. ಅಲ್ಲಿಂದಾಚೆಗೆ ಅವನನ್ನು ನೋಡಿದವರಿಲ್ಲ. ಯಾರು ಹೋದರೂ ಭದ್ರಕ್ಕ ಹೊಸಿಲಿಗೆ ಅಡ್ಡ ನಿಂತು, “ಈಗ ತಾನೇ ಕಣ್ಣು ಮುಚ್ಚವ್ರೆ, ಇನ್ನೊಂದಿನ ಬಾ” ಎನ್ನುತ್ತಿದ್ದಳು. ಆ ಇನ್ನೊಂದು ದಿನ ಬರಲೇ ಇಲ್ಲ.

ವಿಚಿತ್ರವೆಂದರೆ, ಅವನು ಮಲಗಿದ ಮೇಲೆ ಅವಳ ಅಣಬೆಗಳು ಹಗುರಾದವು. ಮೊದಲೆಲ್ಲ ಕಂದು ಬಣ್ಣದ ದಪ್ಪ ಅಣಬೆ ಬರುತ್ತಿದ್ದವು. ಆಮೇಲೆ ಬಿಳಿಯ, ಪುಟ್ಟ, ಹಾಲಿನ ವಾಸನೆಯವು ಬರತೊಡಗಿದವು. ತಿಂದು ಮಲಗಿದರೆ ಎಂಥ ನಿದ್ದೆ ಅಂತೀರಿ! ಇಬ್ಬನಿ ಬಿದ್ದ ಹುಲ್ಲು ಮೊಣಕಾಲಿಗೆ ತಾಗುತ್ತಿತ್ತು. ಕಾರಣವೇ ಇಲ್ಲದೆ ಓಡುತ್ತಿದ್ದೆ, ಕಾರಣವಿಲ್ಲದೆ ನಿಲ್ಲುತ್ತಿದ್ದೆ. ಬಿಸಿಲಿಗೆ ಬೆನ್ನು ಕೊಟ್ಟು ಬಹಳ ಹೊತ್ತು ಏನೂ ಯೋಚಿಸದೆ ಇರುತ್ತಿದ್ದೆ. ಕತ್ತಿನಲ್ಲಿ ಒಂದು ತುರಿಕೆ ಏಳುವುದು, ಅದನ್ನು ಯಾವುದಕ್ಕೋ ಉಜ್ಜಿದರೆ ಸುಖದಿಂದ ಕಣ್ಣು ಮುಚ್ಚಿಹೋಗುವುದು. ಬೆಳಿಗ್ಗೆ ಎದ್ದರೆ ಹಗ್ಗ ಹೊಸೆದ ಮೈ ಹೌದೋ ಅಲ್ಲವೋ ಎನ್ನುವ ಹಾಗಿರುತ್ತಿತ್ತು. ನಾನು ಮಲಗಿದಲ್ಲೇ ಒದೆಯುತ್ತೇನೆಂದು ಗಾದ್ರಪ್ಪ ಚಾಪೆ ದೂರ ಹಾಸಿಕೊಂಡಿದ್ದ.

ಒಂದು ದಿನ ಬುಟ್ಟಿ ಕೊಡಲು ಬಂದಾಗ ಕೇಳಿಯೇಬಿಟ್ಟೆ. “ಚಿಕ್ಕವಳಿದ್ದಾಗ ಬಾಳ ಓಡಾಡ್ತಿದ್ದೇನಕ್ಕಾ ನೀನು?”

“ಯಾಕೆ?” ಎಂದಳು, ನನ್ನ ಮುಖ ನೋಡದೆ.

“ಬರೀ ಓಡಾಟವೇ ಬತ್ತೈತೆ. ಪಾಲಯ್ಯಬಾವನ್ನ ಎತ್ತೋದು, ಕೂರ್ಸೋದು, ಉಣ್ಸೋದು, ಒಂದೂ ಬರಲ್ಲವಲ್ಲ.”

ಭದ್ರಕ್ಕ ಸೆರಗಿಗೆ ಕೈ ಒರೆಸಿಕೊಂಡಳು. ಒರೆಸಲು ಕೈ ಒದ್ದೆಯೇನೂ ಇರಲಿಲ್ಲ. “ದಣಿವಾಗದ ಕೆಲಸ ಕನಸಿಗೆ ಬರಲ್ಲ ಕಣೆ ಬೋರಿ,” ಎಂದಳು.

ನಂಬಿದೆ. ನಂಬಿದ್ದಷ್ಟೇ ಅಲ್ಲ, ಹೊಟ್ಟೆಯಲ್ಲಿ ಒಂದು ಚೂರು ಕಿಚ್ಚೂ ಹೊತ್ತಿತು. ನನ್ನ ಕೆಂಪಣಬೆಯನ್ನು ಅವಳು ತಿನ್ನುತ್ತಾಳೆ, ಅವಳ ಹೂವಿನಂಥದ್ದನ್ನು ನಾನು ತಿನ್ನುತ್ತೇನೆ. ಹಾಗಾದರೆ ಗಂಡ ಹಾಸಿಗೆ ಹಿಡಿದರೂ ಅವಳ ಮೈಗೆ ಬಿಸಿ ತಾಗುತ್ತಿಲ್ಲ ಅಂತಾಯಿತಲ್ಲ! ಬಾವಿ ಹತ್ತಿರ ಹೆಂಗಸರು ‘ಪಾಪ, ಭದ್ರಿ’ ಎಂದಾಗ ನಾನೇ ಮಾತು ತುಂಡು ಮಾಡಿದ್ದೆ. “ಪಾಪ ಯಾಕವ್ವ? ಗಂಡನೂ ಮಲಗ್ತಾನೆ, ತಾನೂ ಮಲಗ್ತಾಳೆ.” ಎಲ್ಲರೂ ನಕ್ಕಿದ್ದರು. ಮುಯ್ಯಿಯವಳೇ ಹೇಳಿದ ಮೇಲೆ ಅದಕ್ಕೆ ಎದುರಾಡುವವರು ಯಾರು?

ನಾರು ಬಡಿಯುತ್ತಿದ್ದ ಆ ಮಾಗಿಯ ಕಡೆಯ ದಿನಗಳಲ್ಲಿ ಕನಸು ಬೇರೆಯಾಯಿತು. ಓಟ ನಿಂತಿತು. ಒಡಲು ತೂಗತೊಡಗಿತು. ಏಳುವಾಗ ಮುಂದಿನ ಭಾರವನ್ನು ಎತ್ತಿಕೊಂಡು ಏಳಬೇಕಾಗುತ್ತಿತ್ತು. ಒಂದು ಬೆಳಗಿನ ಜಾವದ ಕನಸಿನಲ್ಲಿ ಹೊಟ್ಟೆಯೊಳಗೆ ಏನೋ ನಿಧಾನವಾಗಿ ಹೊರಳಿ, ಪಕ್ಕೆಗೆ ಒಮ್ಮೆ ಗುದ್ದಿ ಸುಮ್ಮನಾಯಿತು. ನಾಲ್ಕು ಹೆತ್ತವಳು ನಾನು. ಆ ಗುದ್ದು ಯಾವುದೆಂದು ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಎದ್ದು ಕೂತು ಗೋಡೆಯ ಆಚೆ ಕಿವಿಕೊಟ್ಟೆ. ಭದ್ರಕ್ಕನಿಗೆ ಐವತ್ತರ ಹತ್ತಿರ. ಗಂಡ ಮೂರು ವರ್ಷದಿಂದ ಮಗ್ಗುಲಾಗಲೂ ಆಗದವನು.

ಎಂಟು ದಿನ ಬಾಯಿ ಮುಚ್ಚಿಕೊಂಡಿದ್ದೆ. ಅದು ನನ್ನ ಮಟ್ಟಿಗೆ ಸಣ್ಣ ಸಾಹಸವಲ್ಲ. ಒಂಬತ್ತನೆಯ ದಿನ ನನ್ನ ನಾದಿನಿ ಬಸಕ್ಕ ಕೊಡಕ್ಕೆ ಹಗ್ಗ ಕೇಳಲು ಬಂದಳು. ನಾನು ಬಂಡೆಯ ಮೇಲೆ ಕೂತು ನಾರು ಬಾಚುತ್ತಿದ್ದವಳು, ಗೊತ್ತಿಲ್ಲದೆ ಒಂದು ಕೈಯನ್ನು ಹೊಟ್ಟೆಯ ಮೇಲಿಟ್ಟುಕೊಂಡಿದ್ದೆನಂತೆ.

“ಏನೇ ಅತ್ತಿಗೆ, ಹೊಟ್ಟೆ ಹಿಡ್ಕಂಡು ಕುಂತಿದೀಯ? ನಮ್ಮಣ್ಣ ಮುದುಕ ಆದ ಅಂದ್ಕಂಡಿದ್ನಲ್ಲ!”

“ಥೂ, ನಂದಲ್ಲ ಕಣೆ,” ಎಂದುಬಿಟ್ಟೆ.

“ನಿನ್ನ ಹೊಟ್ಟೇದು ನಿಂದಲ್ದೆ ಇನ್ಯಾರ್ದೇ?” ಎಂದು ಅವಳು ನಗುತ್ತಲೇ ಇದ್ದಳು. ಆಮೇಲೆ ನಗುವುದನ್ನು ನಿಲ್ಲಿಸಿದಳು. ಅವಳ ಕಣ್ಣು ನನ್ನ ಮುಖದಿಂದ ಪಕ್ಕದ ಮನೆಯ ಗೋಡೆಗೆ ಹೋಯಿತು. ನಾನು ಅಲ್ಲ ಎನ್ನಬಹುದಿತ್ತು. ಅನ್ನಲಿಲ್ಲ. “ಯಾರ ಹತ್ರನೂ ಹೇಳಬ್ಯಾಡ,” ಎಂದೆ. ಹೇಳು ಎನ್ನುವುದಕ್ಕೆ ಅದಕ್ಕಿಂತ ಒಳ್ಳೆಯ ದಾರಿ ಇಲ್ಲ ಎಂಬುದು ನನಗೆ ಗೊತ್ತಿಲ್ಲದ್ದೇನಲ್ಲ.

ಸಂಜೆಯ ಹೊತ್ತಿಗೆ ಮೂರು ಬೀದಿಗೂ ಸುದ್ದಿ ಮುಟ್ಟಿತ್ತು. ಎಣ್ಣೆ ಮಾರಲು ಬರುವವನ ಹೆಸರು ಒಬ್ಬರು ಹೇಳಿದರೆ, ಗಾಡಿ ಬಾಡಿಗೆಯವನ ಹೆಸರು ಇನ್ನೊಬ್ಬರು. ಮರುದಿನ ಕಟ್ಟೆಯ ಹಿರಿಯ ಕ್ಯಾತಜ್ಜ ಕೋಲೂರಿಕೊಂಡು ಭದ್ರಕ್ಕನ ಅಂಗಳಕ್ಕೆ ಬಂದ. ಅವನು ಕೆಟ್ಟವನಲ್ಲ. ಮುಯ್ಯಿಯ ಮಾತು ಬಾಯಿಗೆ ಬಿದ್ದ ಮೇಲೆ ವಿಚಾರಿಸದೆ ಬಿಡುವ ಹಾಗಿರಲಿಲ್ಲ.

“ನೋಡವ್ವ, ನಾನು ನಿನ್ನ ಏನೂ ಕೇಳಲ್ಲ. ನಾಡಿದ್ದು ನಿನ್ನ ಕೊರಡಿನ ಅಣಬೆ ತಂದು ಕಟ್ಟೆ ಮೇಲಿಡು. ಮೂರು ಜನ ಹೆಣ್ಮಕ್ಳು ತಿಂದು, ಕಂಡದ್ದು ಹೇಳ್ತಾರೆ. ಇಲ್ಲ ಅಂದ್ರೆ ಇಲ್ಲ, ಅಲ್ಲಿಗೆ ಮುಗೀತು.”

ಭದ್ರಕ್ಕ “ಹಾಲು ಒಲೆ ಮೇಲೈತೆ,” ಎಂದು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಅವತ್ತು ಅವಳ ಬುಟ್ಟಿ ನನಗೆ ಬರಲಿಲ್ಲ.

ಮಾರನೆಯ ದಿನ ಮಧ್ಯಾಹ್ನ ಹೋದೆ. ಯಾಕೆ ಹೋದೆ ಎಂದರೆ ಹೇಳಲಾರೆ. ಕೈ ಕೆಲಸಕ್ಕೆ ಏಳುತ್ತಿರಲಿಲ್ಲ. ಅಂಗಳದಲ್ಲಿ ಗಾಡಿ ನಿಂತಿತ್ತು. ಅದರೊಳಗೆ ಮಂಡಿಯುದ್ದ ಹುಲ್ಲು ಹಾಸಿ, ಮೇಲೆ ಕೌದಿ ಹಾಸಿದ್ದಳು. ಪಾತ್ರೆ ಪಡಗ ಮೂಟೆ ಕಟ್ಟಿ ಇಟ್ಟಿದ್ದಳು.

“ಎಲ್ಲಿಗಕ್ಕಾ?”

“ತೌರಿಗೆ. ಹೊಳೆ ಆಚೆ. ಅಲ್ಲಿ ಕೊರಡೂ ಇಲ್ಲ, ಕಟ್ಟೆನೂ ಇಲ್ಲ.”

“ಅಷ್ಟು ದೂರ ಗಾಡೀಲಿ ಕುಲುಕಿದ್ರೆ ಬಾವ ಉಳೀತಾನಾ?”

“ಉಳೀದಿದ್ರೆ ದಾರೀಲೇ ಮಣ್ಣು ಮಾಡ್ತೀನಿ.” ಅವಳು ಕೌದಿಯ ಸುಕ್ಕು ತೆಗೆಯುತ್ತಲೇ ಇದ್ದಳು. “ನೀನ್ಯಾಕೆ ಬಂದೆ? ಎಷ್ಟು ತಿಂಗಳು ಅಂತ ಎಣಿಸಕ್ಕಾ?”

ಒಳಗಿನಿಂದ ಏನೋ ಸದ್ದಾಯಿತು. ಅವಳು ಕೈಲಿದ್ದದ್ದನ್ನು ಬಿಟ್ಟು ಓಡಿದಳು. ನಾನು ಅಲ್ಲಿ ನಿಲ್ಲಲೂ ಆಗದೆ, ಮನೆಗೆ ಹೋಗಲೂ ಆಗದೆ, ಪಕ್ಕದ ಕೊಟ್ಟಿಗೆಯ ನೆರಳಿಗೆ ಸರಿದೆ. ಅಲ್ಲಿ ಅವಳ ಮಣಕ ಚುಕ್ಕಿಯನ್ನು ಕಟ್ಟಿತ್ತು. ಪಾಲಯ್ಯ ಹಾಸಿಗೆ ಹಿಡಿದ ತಿಂಗಳೇ ಹುಟ್ಟಿದ ಕರು. ಈಗ ಬೆಳೆದು ಚೊಚ್ಚಲ ಗಬ್ಬ. ಅದು ನನ್ನನ್ನು ನೋಡಿತು. ಆಮೇಲೆ ಕತ್ತು ಓರೆ ಮಾಡಿ, ಗೋದಲಿಯ ಪಕ್ಕದ ಮುರುಕಲು ಕಂಬಕ್ಕೆ ತಿಕ್ಕತೊಡಗಿತು. ಕಂಬದಲ್ಲಿ ಒಂದು ಗಂಟು ಎದ್ದಿತ್ತು. ಆ ಗಂಟು ನನ್ನ ಕತ್ತಿಗೆ ಗೊತ್ತಿತ್ತು. ಎಡಗಿವಿಯ ಕೆಳಗೆ, ಎರಡು ಬೆರಳು ಹಿಂದಕ್ಕೆ. ಚುಕ್ಕಿ ಕಣ್ಣು ಮುಚ್ಚಿದಾಗ ನನ್ನ ಕಣ್ಣೂ ಮುಚ್ಚಿಬಂತು.

ಗೋದಲಿಯ ಕೆಳಗೆ ಅದು ಒರಗುವ ಕೊರಡು. ಅದರ ಮೇಲೆ ಹೊಸದಾಗಿ ಕಿತ್ತ ತೊಟ್ಟುಗಳ ಗುರುತು, ಬಿಟ್ಟುಹೋದ ಒಂದೇ ಒಂದು ಬಿಳಿಯಣಬೆ. ಹಾಲಿನ ವಾಸನೆ. ಕಿತ್ತು ಬಾಯಿಗೆ ಹಾಕಿಕೊಂಡೆ. ಹಸಿಯದು ಬೇಗ ಏರುತ್ತದೆ. ಸಗಣಿ ಬುಟ್ಟಿ ಬೋರಲು ಹಾಕಿ ಕೂತೆ, ರೆಪ್ಪೆ ತಾನಾಗಿ ಇಳಿಯಿತು. ಹೊಟ್ಟೆಯೊಳಗೆ ಏನೋ ಹೊರಳಿ ಪಕ್ಕೆಗೆ ಗುದ್ದಿತು. ಕಣ್ಣು ಬಿಟ್ಟರೆ, ಎದುರಿಗೆ ಚುಕ್ಕಿಯ ಪಕ್ಕೆಯ ಚರ್ಮ ಅಲೆಯ ಹಾಗೆ ಅಲುಗಿ ಸುಮ್ಮನಾಗುತ್ತಿತ್ತು.

“ತಿಂದ್ಯಾ?” ಭದ್ರಕ್ಕ ಹುಲ್ಲಿನ ಕಂತೆ ಹಿಡಿದು ಬಾಗಿಲಲ್ಲಿ ನಿಂತಿದ್ದಳು. “ಸರಿ ಬಿಡು. ಹೋಗಿ ಹೇಳು. ಇನ್ನೊಂದು ಸುದ್ದಿ ಸಿಕ್ತಲ್ಲ.”

“ಮೂರು ವರ್ಷ ನಂಗೆ ದನದ್ದು ತಿನ್ನಿಸ್ದೆ ಅಕ್ಕ.”

“ಹೂಂ.”

“ಯಾಕೆ?”

ಅವಳು ಕಂತೆಯನ್ನು ಕೆಳಗೆ ಹಾಕಿ ಅದರ ಮೇಲೆಯೇ ಕುಸಿದಳು. ಹತ್ತಿರದಿಂದ ನೋಡಿದರೆ ಅವಳ ಕಣ್ಣ ಕೆಳಗಿನ ಚರ್ಮ ಬೂದಿ ಬಳಿದ ಹಾಗಿತ್ತು. ದಿನಾ ನೋಡುವ ಮುಖವೇ, ಇಷ್ಟು ದಿನ ನೋಡಿರಲಿಲ್ಲ. “ನಂದು ತಿಂದಿದ್ರೆ ನೀನು ಅವರನ್ನ ಎತ್ತಬೇಕಿತ್ತು. ಹೇಲು ಉಚ್ಚೆ ಬಾಚಬೇಕಿತ್ತು. ಅಳ್ತಾರೆ, ಕಣ್ಣೊರೆಸಬೇಕಿತ್ತು. ಊರಿಗೆಲ್ಲ ಬಾವಿ ತೋಡಿದ ಮನುಷ್ಯ. ಹೊರಗಿನೋರ ಕೈ ನನ್ನ ಮೈ ಮುಟ್ಟಬಾರ್ದು, ಕನಸಲ್ಲೂ ಮುಟ್ಟಬಾರ್ದು ಅಂತ ಆಣೆ ಹಾಕಿಸ್ಕಂಡ್ರು.” ಕಂತೆಯಿಂದ ಒಂದು ಹಿಡಿ ಹುಲ್ಲು ಕಿತ್ತು ಚುಕ್ಕಿಯ ಮುಂದೆ ಹಾಕುತ್ತಾ ಹೇಳಿದಳು: “ನಿನ್ನ ಬಾಯಿ ಎಂಥದ್ದು ಅಂತ ಅವ್ರಿಗೆ ಗೊತ್ತಿತ್ತು.”

“ಮತ್ತೆ ನಿನ್ನವು? ನಿನ್ನ ಕೊರಡಿನವು?”

ಅವಳು ಗದ್ದ ಎತ್ತಿ ಮನೆಯ ಅಟ್ಟ ತೋರಿಸಿದಳು.

ಏಣಿ ಹಾಕಿ ಹತ್ತಿದೆ. ಕತ್ತಲು ಕಣ್ಣಿಗೆ ಒಗ್ಗಲು ಒಂದು ಗಳಿಗೆ ಬೇಕಾಯಿತು. ಮೆಣಸಿನಕಾಯಿ ಪೋಣಿಸುವ ಹಾಗೆ ದಾರಕ್ಕೆ ಪೋಣಿಸಿ, ತೊಲೆಯಿಂದ ತೊಲೆಗೆ ಸಾಲುಸಾಲಾಗಿ ತೂಗುಹಾಕಿದ್ದಳು. ಕಪ್ಪಗೆ, ಒಣಗಿದ ಚರ್ಮದಂತೆ ಗಟ್ಟಿಯಾಗಿದ್ದವು. ಒಂದೊಂದೂ ನನ್ನ ಅಂಗೈಗಿಂತ ದೊಡ್ಡದು. ಒಂದು ಸರ ಒಂದು ತಿಂಗಳು. ತೊಲೆಗಳು ನಡುವಿನಲ್ಲಿ ಬಾಗಿದ್ದವು. ತಿನ್ನುವವರಿಲ್ಲದ ಅಣಬೆ ಇರುವ ತನಕ ಅದರ ದಣಿವು ಪೂರ್ತಿಯಾಗಿ ಮೈ ಬಿಡುವುದಿಲ್ಲ. ಇಷ್ಟನ್ನೂ ಹೊತ್ತುಕೊಂಡೇ ಅವಳು ದಿನಾ ನನ್ನ ಕೆಂಪಣಬೆಯನ್ನೂ ತಿಂದಿದ್ದಳು.

“ತಿಪ್ಪೆಗಾದ್ರೂ ಹಾಕಬಾರ್ದಿತ್ತಾ?” ಎಂದು ಮೇಲಿನಿಂದಲೇ ಕೇಳಿದೆ.

“ಒಂದ್ಸಲ ಹಾಕಿದ್ದೆ. ಕೋಳಿ ತಿಂದು ನಾಕು ದಿನ ಏಳಲಿಲ್ಲ.”

ಆಗ ಒಳಕೋಣೆಯಿಂದ ದನಿ ಬಂತು. “ಬೋ… ರಿ.” ಮೂರು ವರ್ಷದ ಮೇಲೆ ಕೇಳುತ್ತಿದ್ದೆ. ಅರ್ಧ ಬಾಯಿಂದ ಬಂದದ್ದಾದರೂ ಬಾವಿಯ ಆಳದ ದನಿಯೇ. ಭದ್ರಕ್ಕ ಒಳಗೆ ಹೋಗಿ ಅವನ ಬಾಯ ಹತ್ತಿರ ಕಿವಿ ಇಟ್ಟಳು. ನಾನು ಏಣಿ ಇಳಿದು ಬಾಗಿಲಾಚೆ ನಿಂತೆ. ಅವನ ಕೈ ಅವಳ ಸೆರಗು ಹಿಡಿದಿತ್ತು. ಬಹಳ ಹೊತ್ತು ತೊದಲಿದ. ಅವಳು ತಲೆಯಾಡಿಸುತ್ತಾ ಬೇಡ ಬೇಡ ಎನ್ನುತ್ತಿದ್ದಳು. ಕೊನೆಗೆ ಹೊರಗೆ ಬಂದು ಗೋಡೆ ನೋಡುತ್ತಾ ಹೇಳಿದಳು.

“ಆಣೆ ತಗದ್ರು. ನಿಂಗೊಬ್ಳಿಗೇ, ಕಟ್ಟೆಯೋರಿಗಲ್ಲ. ಅವಳು ತಿನ್ನಲಿ ಅಂತಾರೆ. ನಾನೆಷ್ಟು ಭಾರ ಇದ್ದೀನಿ ಅಂತ ಗೊತ್ತಾಗ್ಲಿ ಅಂತಾರೆ.”

ಒಂದನ್ನು ಬಿಸಿನೀರಲ್ಲಿ ನೆನೆಸಿ ಕೊಟ್ಟಳು. ಅಲ್ಲೇ ಅಡುಗೆಮನೆಯ ಗೋಡೆಗೆ ಒರಗಿ ತಿಂದೆ. ಬೇರು ಅಗಿದ ಹಾಗಿತ್ತು. ಆಮೇಲೆ ನಾನು ಭದ್ರಕ್ಕನಾದೆ. ಎಡಗಂಕುಳಿಗೆ ಕೈ ಕೊಟ್ಟು, ಮೊಣಕಾಲನ್ನು ಮಂಚದ ಅಂಚಿಗೆ ಊರಿ, ಉಸಿರು ಬಿಗಿಹಿಡಿದು ಎತ್ತಬೇಕು. ಬಲಗಾಲು ಸತ್ತ ಮೀನಿನ ಹಾಗೆ ಜಾರುತ್ತದೆ, ಅದನ್ನು ತೊಡೆಯಿಂದ ತಡೆಯಬೇಕು. ಬಟ್ಟೆ ಒಗೆಯಬೇಕು, ಮತ್ತೆ ಒಗೆಯಬೇಕು. ತುತ್ತು ಕೊಟ್ಟರೆ ಅರ್ಧ ಕೆನ್ನೆಯಲ್ಲಿ ನಿಲ್ಲುತ್ತದೆ, ಬೆರಳು ಹಾಕಿ ತಳ್ಳಬೇಕು. ಒಂದು ಊಟಕ್ಕೆ ಅರವತ್ತು ತುತ್ತು. ಅಷ್ಟೆಲ್ಲದರ ಅಡಿಯಲ್ಲಿ, ಅಂಗೈಯಲ್ಲಿ ಒಂದು ಉರಿ. ಅದು ನನ್ನದೇ, ನನ್ನ ಕೆಂಪಣಬೆ ತಿಂದು ಅವಳ ಮೈಗಿಳಿದ ನಾರಿನ ಉರಿ. ಎಚ್ಚರವಾದಾಗ ಹೊತ್ತು ಇಳಿದಿತ್ತು. ಭದ್ರಕ್ಕ ಎದುರಿಗೆ ಕೂತಿದ್ದಳು. ಅವಳ ಹೆಗಲು ಕೂದಲೆಳೆಯಷ್ಟು ಮೇಲೆದ್ದಿತ್ತೋ, ನನಗೆ ಹಾಗೆ ಕಂಡಿತೋ.

“ಗಾಡಿ ಬಿಚ್ಚಕ್ಕಾ,” ಎಂದೆ. “ನಾಳೆ ನೀನು ಬಾಯಿ ಬಿಡಬ್ಯಾಡ. ನಾನು ಬಿಟ್ಟಿದ್ದು, ನಾನೇ ಮುಚ್ತೀನಿ.”

ಮಾರನೆಯ ದಿನ ಕಟ್ಟೆಯ ಸುತ್ತ ನಿಲ್ಲಲು ಜಾಗವಿರಲಿಲ್ಲ. ಭದ್ರಕ್ಕ ಬರಿಗೈಯಲ್ಲಿ ಬಂದು ಒಂದು ಬದಿಗೆ ನಿಂತಳು. ಕ್ಯಾತಜ್ಜ, “ಅಣಬೆ ಎಲ್ಲವ್ವ?” ಎನ್ನುವಷ್ಟರಲ್ಲಿ ನಾನು ಮುಂದೆ ಹೋದೆ.

“ಅವಳದು ಯಾಕಜ್ಜ? ತಪ್ಪು ನಂದು. ಅವಳು ಕೊಟ್ಟಿದ್ದನ್ನ ನಾನು ಮೂರು ವರ್ಷದಿಂದ ತಿಂದೇ ಇಲ್ಲ. ಬಾಳ ಭಾರ ಇದ್ವು, ಬಿಸಾಕ್ದೆ. ಅವಳ ಕೊಟ್ಟಿಗೇಲಿ ಚುಕ್ಕಿ ಕೊರಡಿಂದು ಕದ್ದು ತಿಂತಿದ್ದೆ. ನಾನು ಕಂಡ ಬಸಿರು ಚುಕ್ಕೀದು.”

ಭದ್ರಕ್ಕ ಬಾಯಿ ತೆರೆದಳು. ನಾನು ಅವಳತ್ತ ನೋಡಿದ ನೋಟಕ್ಕೆ ಮುಚ್ಚಿಕೊಂಡಳು.

“ದನದ್ದು ತಿಂದ್ಯಾ? ಯಾಕವ್ವ?” ಕ್ಯಾತಜ್ಜ ಕೋಲೂರಿ ಮುಂದಕ್ಕೆ ಬಗ್ಗಿದ.

“ನಿದ್ದೆ ಚೆನ್ನಾಗಿ ಬತ್ತಿತ್ತು.”

ಹಿಂದಿನಿಂದ ಬಸಕ್ಕ “ಅಂಬಾ” ಎಂದಳು. ಗುಂಪಿಗೆ ಗುಂಪೇ ನಕ್ಕಿತು. ನಗು ಅಡಗಿದ ಮೇಲೆ ಕ್ಯಾತಜ್ಜ ತಲೆ ಕೊಡವಿದ. ಬಾಯಿಮಾತು ಸಾಲದು, ಚುಕ್ಕಿಯ ಅಣಬೆಯನ್ನು ಯಾರಾದರೂ ತಿಂದು ನೋಡಿ ಹೇಳಬೇಕು ಎಂದ. ಯಾರು ತಿನ್ನುತ್ತಾರೆ? ಆಗ ನನ್ನ ಗಂಡ ಗಾದ್ರಪ್ಪ ಹೆಗಲ ಮೇಲಿನ ಟವಲು ಕೊಡವಿ ಮುಂದೆ ಬಂದ.

“ಮೂರು ವರ್ಷ ಇವಳ ಕೈಲಿ ಒದೆಸ್ಕಂಡಿದ್ದೀನಿ. ಏನು ತಿಂದು ಒದ್ಲು ಅಂತ ನಾನೂ ನೋಡ್ತೀನಿ, ತನ್ರಿ.”

ತಂದುಕೊಟ್ಟರು. “ಉಪ್ಪಿಲ್ಲ” ಎನ್ನುತ್ತಾ ಅಗಿದು ಕಟ್ಟೆಯ ಮೇಲೆ ಮಲಗಿದ. ಸ್ವಲ್ಪ ಹೊತ್ತಿಗೆ ಕತ್ತು ಓರೆ ಮಾಡಿ ಅಶ್ವತ್ಥದ ಬೊಡ್ಡೆಗೆ ತಿಕ್ಕಿದ. ಕಾಲು ಝಾಡಿಸಿ ಕ್ಯಾತಜ್ಜನ ಎಲೆಯಡಿಕೆ ಚೀಲ ಆಚೆಗೆ ಹಾರಿಸಿದ. ಹೆಂಗಸರು ಸೆರಗು ಬಾಯಿಗೆ ತುರುಕಿಕೊಂಡರು. ಎದ್ದವನು ಎರಡೂ ಕೈಯಲ್ಲಿ ತನ್ನ ಹೊಟ್ಟೆ ಮುಟ್ಟಿ ನೋಡಿಕೊಂಡು, “ಹೂಂ, ಕರು ಐತೆ. ನಾಕು ಕಾಲು, ಎಣಿಸ್ದೆ,” ಎಂದ.

ಭದ್ರಕ್ಕನ ಮಾತು ಅಲ್ಲಿಗೆ ಮುಗಿಯಿತು. ನನ್ನದು ಶುರುವಾಯಿತು. ಮುಯ್ಯಿ ಬಿಸಾಡಿದವಳಿಗೆ ನಮ್ಮೂರಲ್ಲಿ ಒಂದೇ ಶಿಕ್ಷೆ: ಕೊರಡು ಮಗುಚುವುದು. ಅವತ್ತೇ ನಾಲ್ಕು ಜನ ಬಂದು ನನ್ನ ಕೊರಡನ್ನು ಬೋರಲು ಮಾಡಿ ಹೋದರು. ಒಂದು ವರ್ಷ ಅದರ ಮೇಲೆ ಕೂರುವ ಹಾಗಿಲ್ಲ, ನನ್ನ ದಣಿವು ಇನ್ನೊಬ್ಬರಿಗಿಲ್ಲ.

ಆ ವರ್ಷ ನಾನು ಹೊಸೆದ ಹಗ್ಗವೆಲ್ಲ ನನ್ನ ಮಣಿಕಟ್ಟಿನಲ್ಲೇ ಉಳಿಯಿತು. ಬೀದಿಯಲ್ಲಿ ಹೋದರೆ ಯಾರಾದರೊಬ್ಬರು ಅಂಬಾ ಎನ್ನುವರು. ಒಂದೊಂದು ದಿನ ನಾನೂ ತಿರುಗಿ ಅಂಬಾ ಎನ್ನುತ್ತಿದ್ದೆ. ದಿನಾ ಸಂಜೆ ಹಿತ್ತಲ ಬಾಗಿಲಿಂದ ಭದ್ರಕ್ಕನ ಮನೆಗೆ ಹೋಗುವೆ. ಅವತ್ತಿನ ಹೊಸದೊಂದು, ಅಟ್ಟದ ಹಳೆಯವು ಎರಡು. ತಿಂದು ಅಲ್ಲೇ ಒರಗುವೆ. ಒಮ್ಮೊಮ್ಮೆ ಗಾದ್ರಪ್ಪ ಒಂದು ಪಾಲು ಕೇಳುತ್ತಿದ್ದ. ಕೊಡುತ್ತಿರಲಿಲ್ಲ, ಆಣೆ ತೆಗೆದದ್ದು ನನಗೊಬ್ಬಳಿಗೆ. ಸರ ಖಾಲಿಯಾದ ಹಾಗೆಲ್ಲ ತೊಲೆ ನೆಟ್ಟಗಾಗುತ್ತಾ ಬಂತು. ಚುಕ್ಕಿ ಹೆಣ್ಣುಗರು ಹಾಕಿತು. ಭದ್ರಕ್ಕ ಗಿಣ್ಣು ತಂದುಕೊಟ್ಟು, “ಮೊದಲು ನೀನು ತಿನ್ನಬೇಕು, ಹೊತ್ತೋಳು ನೀನು,” ಎಂದಳು. ಅವಳು ತಮಾಷೆ ಮಾಡಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಪಾಲಯ್ಯನ ಕೋಣೆಯ ಬಾಗಿಲು ನನಗೆ ತೆರೆದೇ ಇರುತ್ತಿತ್ತು. ಅವನು ನನ್ನನ್ನು ಕಂಡರೆ, “ಭಾರ…?” ಎಂದು ಕೇಳುವನು. “ಇವತ್ತು ಎರಡು ಮಣ ಜಾಸ್ತಿ ಬಾವ,” ಎನ್ನುವೆ. ಅರ್ಧ ಮುಖ ನಗುತ್ತಿತ್ತು.

ವರ್ಷ ತುಂಬಿ ನನ್ನ ಕೊರಡನ್ನು ನೆಟ್ಟಗೆ ಮಾಡಿದ ಮೇಲೆ, ನವಣೆ ತೆನೆ ಕಟ್ಟುವ ಕಾಲಕ್ಕೆ ಅಟ್ಟದ ಕೊನೆಯ ಸರವೂ ಮುಗಿಯಿತು. ಅದಾಗಿ ಒಂದು ತಿಂಗಳಿಗೆ, ಒಂದು ಬೆಳಿಗ್ಗೆ ಅಂಬಲಿ ಕುಡಿಸುತ್ತಿದ್ದ ಹಾಗೇ ಪಾಲಯ್ಯ ಹೋದ. ಬಾಯಲ್ಲಿದ್ದ ಗುಟುಕು ಕೆನ್ನೆಯಲ್ಲೇ ಉಳಿಯಿತು. ಮೈ ತೊಳೆಸಲು ನಾನೇ ಎತ್ತಿದೆ. ಎಡಗಂಕುಳಿಗೆ ಕೈ ಕೊಟ್ಟು, ಮೊಣಕಾಲು ಊರಿ. ಬಂದವರು ಹೇಗೆ ಹಿಡಿಯುವುದೆಂದು ಪೇಚಾಡುತ್ತಿದ್ದರೆ ನನ್ನ ಕೈ ತಾನಾಗಿ ಹಿಡಿದುಕೊಂಡಿತು. ಭದ್ರಕ್ಕ ನೋಡುತ್ತಾ ನಿಂತಿದ್ದಳು. ಸಂಜೆ ಎಲ್ಲರೂ ಹೋದ ಮೇಲೆ ತನ್ನ ಕೊರಡಿನ ಮೇಲೆ ಬಹಳ ಹೊತ್ತು ಕೂತಳು.

ಬೆಳಿಗ್ಗೆ ನಾನು ಬುಟ್ಟಿ ಹಿಡಿದು ಹೋದಾಗ ಅವಳು ಹಿತ್ತಲಲ್ಲೇ ಇದ್ದಳು. ಕೊರಡಿನ ಮೇಲೆ ಒಂದೇ ಒಂದು ಎದ್ದಿತ್ತು. ಜೇನಿನ ಬಣ್ಣದ್ದು, ಹೆಬ್ಬೆರಳ ಗಾತ್ರ. ಅಂಥದ್ದನ್ನು ನಾನು ಕಂಡಿರಲಿಲ್ಲ. ಅವಳು ಬಗ್ಗಿ ಕಿತ್ತಳು. ನಾನು ಬುಟ್ಟಿ ಮುಂದೆ ಮಾಡಿದೆ.

“ಇದನ್ನ ಕೊಡಲ್ಲ ಕಣೆ ಬೋರಿ.”

“ಹುಚ್ಚಾ ನಿಂಗೆ? ನೀನೇ ತಿಂದ್ರೆ ವಾಪಸ್ ಮೈಗೆ ಬತ್ತೈತೆ ಅಕ್ಕ.”

“ಬರ್ಲಿ ಅಂತಲೇ.”

ನಿಂತಲ್ಲೇ ಬಾಯಿಗೆ ಹಾಕಿಕೊಂಡು ನಿಧಾನವಾಗಿ ಅಗಿದಳು. ಕೊರಡಿಗೆ ಒರಗಿ ನೆಲದಲ್ಲಿ ಕೂತಳು. ಕಣ್ಣು ಮುಚ್ಚಿತು. ಸ್ವಲ್ಪ ಹೊತ್ತಿಗೆ ಅವಳ ಎಡಗೈ ಮೇಲೆದ್ದು, ಯಾರದೋ ಕತ್ತಿಗೆ ಆಸರೆ ಕೊಟ್ಟ ಹಾಗೆ ಬಾಗಿ ನಿಂತಿತು. ಬಲಗೈ ಬಟ್ಟಲಿನ ಅಂದಾಜಿಗೆ ಸುರುಳಿಯಾಯಿತು. ತೂಕಕ್ಕೆ ಎಡಗೈ ನಡುಗಿತು, ಅವಳು ಇಳಿಸಲಿಲ್ಲ. ಬಿಸಿಲು ಹಿತ್ತಲಿಗೆ ಬಂದು ಅವಳ ಮುಖದ ಮೇಲೆ ಬೀಳುವವರೆಗೆ ಪಕ್ಕದಲ್ಲೇ ನಿಂತಿದ್ದೆ, ಬಿದ್ದ ಮೇಲೆ ಅಡ್ಡ ನಿಂತೆ. ಆಮೇಲೆ ಖಾಲಿ ಬುಟ್ಟಿ ಹಿಡಿದು ಮನೆಗೆ ಬಂದೆ. ಅವಳಿಗೆ ನಾನು ತೀರಿಸಬೇಕಾದ ಮುಯ್ಯಿಯಲ್ಲಿ ಆ ಒಂದು ದಿನ ಇವತ್ತಿಗೂ ಬಾಕಿ.